ಮೆಟ್ಟಿಲ ಮೇಲೆ ಮಗು ಬಿಟ್ಟವಳು

ರೊಟ್ಟಿಯ ತುಂಡನ್ನು ಕಚ್ಚಿದ ಕೂಡಲೇ ಎರ್ಲಿಂದಾಳ ಹಲ್ಲಿಗೆ ಗಟ್ಟಿಯಾದದ್ದೇನೋ ತಾಗಿತು. ಅದು ಏನೆಂದು ನೋಡದೆಯೇ ಗೊತ್ತಾಯಿತು. ಜನವರಿಯ ಮೂರು ರಾಜರ ಹಬ್ಬಕ್ಕೆಂದು ಬಳೆಯ ಆಕಾರದಲ್ಲಿ ಬೇಯಿಸುವ ಸಿಹಿ ರೊಟ್ಟಿಯೊಳಗೆ ಬೆರಳ ತುದಿಯಷ್ಟು ಪಿಂಗಾಣಿ ಗೊಂಬೆಯೊಂದನ್ನು ಹುದುಗಿಸಿರುತ್ತಾರೆ. ಅದು ಯಾರ ಪಾಲಿಗೆ ಬರುತ್ತದೋ ಅವರೇ ಆ ವರ್ಷ ಬಾಲ ಏಸುವಿನ ಧರ್ಮತಾಯಿ. ಫೆಬ್ರವರಿ ಎರಡರಂದು ವಠಾರದ ಬಾಲ ಏಸುವಿನ ವಿಗ್ರಹಕ್ಕೆ ಹೊಸ ಅಂಗಿ ತೊಡಿಸಬೇಕು, ಎದೆಗೆ ಅಪ್ಪಿಕೊಂಡು ಇಗರ್ಜಿಗೆ ಹೊತ್ತೊಯ್ಯಬೇಕು, ಇಡೀ ವಠಾರಕ್ಕೆ ಮುಸುಕಿನ ಜೋಳದ ಹಿಟ್ಟನ್ನು ಸಿಪ್ಪೆಯಲ್ಲಿ ಸುತ್ತಿದ ತಮಾಲೆ ಕಡುಬು ಬೇಯಿಸಿ ಬಡಿಸಬೇಕು. ಆ ಖರ್ಚಿಗೆ ಹೆದರಿ ಗೊಂಬೆಯನ್ನು ಕೆನ್ನೆಯಲ್ಲಿ ಬಚ್ಚಿಟ್ಟುಕೊಂಡು ಏನೂ ಅರಿಯದ ಸಾಧ್ವಿಯಂತೆ ಕೂರುವವರು ಸಾಂತಾ ಮರಿಯಾ ಬಡಾವಣೆಯ ಆ ವಠಾರದಲ್ಲಿ ಬೇಕಾದಷ್ಟು ಮಂದಿ ಇದ್ದರು. ಹಿಂದಿನ ವರ್ಷ ಲಿಬ್ರಾದಾ ನುಂಗಿಯೇ ಬಿಟ್ಟಳೆಂದು ಈಗಲೂ ಆಡಿಕೊಳ್ಳುತ್ತಾರೆ.

ಎರ್ಲಿಂದಾ ಬಚ್ಚಿಡಲಿಲ್ಲ. ಗೊಂಬೆಯನ್ನು ಅಂಗೈಗೆ ತೆಗೆದುಕೊಂಡು, ಕರವಸ್ತ್ರದಲ್ಲಿ ಒರೆಸಿ, ಅಂಗಳದ ಉದ್ದ ಮೇಜಿನ ಮೇಲೆ ಎಲ್ಲರಿಗೂ ಕಾಣುವಂತೆ ಇಟ್ಟಳು.

"ನನಗೆ ಬಂತು," ಎಂದಳು. ಅರವತ್ತು ದಾಟಿದ ಹೆಂಗಸಿನ ದನಿ ಹುಡುಗಿಯ ದನಿಯಂತೆ ನಡುಗಿತು.

ಯಾರೂ ಚಪ್ಪಾಳೆ ತಟ್ಟಲಿಲ್ಲ. ಬಿಸಿ ಚಾಕೊಲೇಟಿನ ಲೋಟಗಳು ಬಾಯಿಯ ಹತ್ತಿರವೇ ನಿಂತವು. ಮೇಜಿನ ತುದಿಯಲ್ಲಿದ್ದ ಸೆನೈದಾ ಎಂಬ ಎಳೆ ಬಾಣಂತಿ, ಯಾರೋ ಹೇಳಿಕೊಟ್ಟಂತೆ, ಮಡಿಲ ಕೂಸಿನ ಮುಖದ ಮೇಲೆ ಶಾಲು ಎಳೆದುಕೊಂಡಳು.

ಲಿಬ್ರಾದಾಳಿಗೆ ನಾಲಿಗೆ ಎಂದರೆ ಕತ್ತರಿ. ಅವಳೇ ಮೊದಲು ಬಾಯಿಬಿಟ್ಟಳು. "ಇನ್ನೊಂದು ತುಂಡು ಕೊಯ್ದು ನೋಡೋಣ ಕಣೆ ಚೋನಾ. ಈಗೀಗ ಬೇಕರಿಯವ್ರು ಎರಡೆರಡು ಗೊಂಬೆ ಹಾಕ್ತಾರಂತೆ."

"ನಿನ್ನ ಹೊಟ್ಟೇಲಿ ಒಂದಿದೆಯಲ್ಲ, ಅದನ್ನ ತೆಗ್ಯೋಣ್ವ?" ಎಂದಳು ಚೋನಾ. ಅವಳು ವಠಾರದ ಬಾಗಿಲು ಕಾಯುವವಳು, ಬಾಲ ಏಸುವಿನ ವಿಗ್ರಹದ ಒಡತಿ. "ಸಿಕ್ಕಿದವ್ರಿಗೆ ಸಿಕ್ತು. ನಮ್ಮಜ್ಜಿ ಕಾಲದಿಂದ ಬಂದಿದ್ದು, ನಾನ್ಯಾಕೆ ಬದಲಾಯಿಸ್ಲಿ?" ಹಾಗೆ ಹೇಳಿದಳೇ ಹೊರತು ಅವಳ ಕಣ್ಣು ಎರ್ಲಿಂದಾಳ ಕಡೆ ತಿರುಗಲಿಲ್ಲ.

ತಿರುಗುವುದಾದರೂ ಹೇಗೆ? ಈಕೆ ಎರ್ಲಿಂದಾ ಉರ್ಕೀದಿ. ಮೂವತ್ತು ವರ್ಷ ಮೆಕ್ಸಿಕೋದ ಬೆಳ್ಳಿತೆರೆಯ ಮೇಲೆ ಕೆಟ್ಟ ಹೆಂಗಸಾಗಿಯೇ ಬಾಳಿದವಳು. ಗಂಡಂದಿರಿಗೆ ವಿಷ ಹಾಕಿದ್ದಳು, ಸೊಸೆಯರನ್ನು ಕೂದಲು ಹಿಡಿದು ಹೊರಗೆ ನೂಕಿದ್ದಳು, ಕುರುಡಿಯೊಬ್ಬಳ ಊರುಗೋಲು ಮುರಿದಿದ್ದಳು. ಅದನ್ನೆಲ್ಲ ಜನ ಕ್ಷಮಿಸಿದ್ದರು. ಒಂದನ್ನು ಮಾತ್ರ ಕ್ಷಮಿಸಿರಲಿಲ್ಲ. ಎಲ್ಲರೂ 'ಮೆಟ್ಟಿಲ ಸಿನಿಮಾ' ಎಂದೇ ಕರೆಯುವ ಆ ಚಿತ್ರದಲ್ಲಿ ಅವಳು ಹಸುಗೂಸೊಂದನ್ನು ಸುರಿಯುವ ಮಳೆಯಲ್ಲಿ ಇಗರ್ಜಿಯ ಮೆಟ್ಟಿಲ ಮೇಲೆ ಬಿಟ್ಟು, ಒಂದು ಹುಬ್ಬನ್ನೇರಿಸಿ ಹೇಳುತ್ತಾಳೆ: "ಅಳು, ಎಷ್ಟು ಬೇಕಾದ್ರೂ ಅಳು. ನಿನ್ನ ಅಳು ಕೇಳೋಕೆ ದೇವರಿಗೆ ಪುರುಸೊತ್ತಿದೆ, ನನಗಿಲ್ಲ." ಹೇಳಿ, ಹಿಂದಿರುಗಿ ನೋಡದೆ ಹೋಗುತ್ತಾಳೆ. ಅಷ್ಟೇ. ಇಡೀ ದೇಶ ಅವತ್ತು ಹಲ್ಲು ಕಡಿದದ್ದು ಇವತ್ತಿಗೂ ಸಡಿಲಿಸಿಲ್ಲ.

ಮೊದಮೊದಲು ಆ ದ್ವೇಷ ಅವಳಿಗೆ ರೊಟ್ಟಿ ಜಾರಿ ತುಪ್ಪಕ್ಕೆ ಬಿದ್ದಂತಿತ್ತು. ಚಿತ್ರ ತೆರೆಕಂಡ ದಿನ ಟಾಕೀಸಿನ ಹೊರಗೆ ಮುದುಕಿಯೊಬ್ಬಳು ಕೊಡೆಯಿಂದ ಅವಳ ಬೆನ್ನಿಗೆ ಬಾರಿಸಿದಾಗ ನಿರ್ಮಾಪಕ ಕುಣಿದಾಡಿದ್ದ. "ಅವ್ಳಿಗೆ ಹೂವು, ನಿನಗೆ ಕೊಡೆ! ಯಾವುದು ಹೆಚ್ಚು ದಿನ ಬಾಳುತ್ತೆ ನೋಡು!" ಎಂದಿದ್ದ. ಅವಳು ಎಂದರೆ ನಾಯಕಿ. ಹಲಿಸ್ಕೋ ಸೀಮೆಯ ಸಣ್ಣ ಊರಿಂದ ರೈಲು ಹತ್ತಿ ಬಂದಾಗ ಎರ್ಲಿಂದಾಳಿಗೂ ನಾಯಕಿಯಾಗುವ ಆಸೆಯೇ ಇತ್ತು. ಡೇರೆ ನಾಟಕಗಳಲ್ಲಿ ಹಾಡಿ, ಕುಣಿದು, ಕಡೆಗೂ ಸ್ಟುಡಿಯೋದ ಬಾಗಿಲು ತಟ್ಟಿದಾಗ ನಿರ್ದೇಶಕನೊಬ್ಬ ಅವಳ ಮುಖವನ್ನು ದೀಪದ ಕೆಳಗೆ ಆಚೆ ಈಚೆ ತಿರುಗಿಸಿ, "ಕಣ್ಣೀರಿಗೆ ಬೇಕಾದಷ್ಟು ಹುಡುಗೀರಿದಾರೆ. ಇಂಥ ಹುಬ್ಬು ಇಲ್ಲ," ಎಂದ. ಅವಳ ಹಣೆಬರಹ ಹುಬ್ಬಿನಲ್ಲೇ ಬರೆದು ಮುಗಿದಿತ್ತು. ಆಮೇಲೆ ಅವಳನ್ನು ಕಟ್ಟಿಕೊಂಡ ಛಾಯಾಗ್ರಾಹಕ ಎವರಿಸ್ತೋ ಕೂಡ ಅವಳ ಮುಖಕ್ಕೆ ಕೆಳಗಿನಿಂದಲೇ ಬೆಳಕು ಕೊಟ್ಟ, ದೆವ್ವಕ್ಕೆ ಕೊಡುವ ಹಾಗೆ. ಮನೆಯಲ್ಲಿ ಮಾತ್ರ ಒಳ್ಳೆಯವನು. ಎರಡು ಸಲ ಬಸಿರು ನಿಂತಿತು, ಎರಡೂ ಉಳಿಯಲಿಲ್ಲ. ಆಮೇಲೆ ಎವರಿಸ್ತೋನೂ ಉಳಿಯಲಿಲ್ಲ.

ಈಗ ಕರೆಯುವವರಿಲ್ಲ. ಆದರೆ ಟೆಲಿವಿಷನ್ ಎಂಬುದೊಂದು ಬಂದು ಹಳೆಯ ಚಿತ್ರಗಳನ್ನೆಲ್ಲ ಗೋರಿಯಿಂದ ಎಬ್ಬಿಸಿ ಕೂರಿಸಿದೆ. ಆಗಿನ್ನೂ ಹುಟ್ಟೇ ಇರದಿದ್ದವರೂ ಈಗ ಅವಳನ್ನು ದ್ವೇಷಿಸುತ್ತಾರೆ. ಮೂಲೆಯಲ್ಲಿ ಗಾಡಿ ನಿಲ್ಲಿಸಿಕೊಂಡು ಸುಟ್ಟ ಗೆಣಸು ಮಾರುವವನು ಅವಳನ್ನು ಕಂಡಾಗೆಲ್ಲ, "ನೋಡ್ರಪ್ಪೋ, ಮೆಟ್ಟಿಲ ಮೇಲೆ ಮಗು ಬಿಟ್ಟವಳು!" ಎಂದು ಕೂಗುತ್ತಾನೆ. ಸಂತೆಯಲ್ಲಿ ಮೆಣಸಿನಕಾಯಿಯವಳು ತೂಕದಲ್ಲಿ ಕಡಿಮೆ ಹಾಕಿ, "ದೇವರಿಗೆ ಪುರುಸೊತ್ತಿದೆ, ಅಲ್ಲೇ ಕೇಳಿ," ಎನ್ನುತ್ತಾಳೆ. ಎರ್ಲಿಂದಾ ನಗುತ್ತಾಳೆ. ನಕ್ಕೂ ನಕ್ಕೂ ಅವಳ ದವಡೆ ಸೋತಿದೆ.

ಅದಕ್ಕೇ ಅಂಗೈಯ ಆ ಪುಟ್ಟ ಗೊಂಬೆ ಅವಳಿಗೆ ಅಷ್ಟು ದೊಡ್ಡದಾಗಿ ಕಂಡದ್ದು. ಧರ್ಮತಾಯಿಯಾದರೆ ವಿಗ್ರಹದ ಒಡತಿಗೆ ಅವಳು 'ಕೊಮಾದ್ರೆ' ಆಗುತ್ತಾಳೆ. ರಕ್ತಸಂಬಂಧಕ್ಕಿಂತ ಒಂದು ಗುಲಗಂಜಿ ಹೆಚ್ಚು ತೂಗುವ ನಂಟು ಅದು. ಒಮ್ಮೆ ಕರೆದರೆ ಸಾಯುವತನಕ ಕರೆಯಬೇಕು. ವಠಾರದಲ್ಲಿ ಒಬ್ಬಳಿಗಾದರೂ ತಾನು ಕೊಮಾದ್ರೆಯಾಗುತ್ತೇನೆ, ಒಂದು ಮಗುವನ್ನು ಹೊತ್ತು ಎಲ್ಲರೆದುರು ಬೀದಿ ದಾಟುತ್ತೇನೆ. ಅವಳಿಗೆ ಬೇಕಾದದ್ದು ಇಷ್ಟೇ. ಇಷ್ಟಕ್ಕಾಗಿ ಇಷ್ಟು ಆಸೆಪಡುತ್ತಿದ್ದೇನಲ್ಲ ಎಂದು ಅವಳಿಗೇ ನಾಚಿಕೆಯಾಯಿತು.

ಮರುದಿನವೇ ಚೋನಾಳ ಕೋಣೆಗೆ ಹೋಗಿ ಗೋದಲಿಯಲ್ಲಿ ಮಲಗಿದ್ದ ಬಾಲ ಏಸುವಿನ ಅಳತೆ ತೆಗೆದುಕೊಂಡಳು. ಮರದ ವಿಗ್ರಹ, ಗಾಜಿನ ಕಣ್ಣು, ಬಲಗೈಯ ಕಿರುಬೆರಳು ಮುರಿದಿದೆ. ಮುಟ್ಟಲು ಹೋಗಲಿಲ್ಲ, ದಾರ ಹಿಡಿದು ಮೇಲಿಂದಲೇ ಅಳೆದಳು. ಅಂಗಿಗೆ ಬಟ್ಟೆ ಕೊಳ್ಳಲಿಲ್ಲ. ಪೆಟ್ಟಿಗೆಯಲ್ಲಿ ಒಂದು ಬಿಳಿ ಸ್ಯಾಟಿನ್ ನಿಲುವಂಗಿ ಇತ್ತು, ಅದನ್ನೇ ಕತ್ತರಿಸಿದಳು. ಅದನ್ನು ತೊಟ್ಟುಕೊಂಡೇ ಅವಳು ಯಾವುದೋ ಚಿತ್ರದಲ್ಲಿ ಕರ್ನಲ್ ಗಂಡನಿಗೆ ವಿಷದ ಕಾಫಿ ಕೊಟ್ಟಿದ್ದು. ಬಟ್ಟೆಗೇನು ಪಾಪ? ಸಣ್ಣ ಹೊಲಿಗೆ, ಕತ್ತಿನ ಸುತ್ತ ಕಸೂತಿ. ಕಣ್ಣು ನೋಯುತ್ತಿತ್ತು, ಆದರೂ ಹೊಲಿದಳು.

ಫೆಬ್ರವರಿ ಎರಡರ ಹಬ್ಬಕ್ಕೆ ಮುಂಚಿನ ಭಾನುವಾರ ಟೆಲಿವಿಷನ್‌ನಲ್ಲಿ ಮೆಟ್ಟಿಲ ಸಿನಿಮಾ ಬಂತು.

ವಠಾರಕ್ಕೆಲ್ಲ ಒಂದೇ ಪೆಟ್ಟಿಗೆ, ಅದೂ ಚೋನಾಳ ಕೋಣೆಯಲ್ಲಿ. ಎರ್ಲಿಂದಾ ಮೇಲ್ಮಹಡಿಯ ತನ್ನ ಕೋಣೆಯಲ್ಲಿ ಕೂತು ಎಲ್ಲವನ್ನೂ ಕೇಳಿಸಿಕೊಂಡಳು: ಹಳೆಯ ಸಂಗೀತ, ಸುಳ್ಳು ಗುಡುಗು, ಆಮೇಲೆ ತನ್ನದೇ ದನಿ, ಎಳೆಯದು, ಚಾಕುವಿನಂಥದು. ಅಂಗಳದಲ್ಲಿ ಮೂಗೆಳೆಯುವ ಸದ್ದು. "ಇವಳ ವಂಶ ನಿರ್ವಂಶವಾಗ!" ಎಂದು ಲಿಬ್ರಾದಾ ಶಪಿಸಿದಳು. ಅದು ಆಗಿಹೋಗಿದೆ ಎಂದುಕೊಂಡಳು ಎರ್ಲಿಂದಾ. ಸೂಜಿಗೆ ದಾರ ಪೋಣಿಸಲು ಹೋದಳು, ದಾರ ಹೋಗಲಿಲ್ಲ.

ಸೋಮವಾರ ಬೆಳಿಗ್ಗೆ ಚೋನಾ ಮೇಲೆ ಬಂದಳು. ಬಾಗಿಲಲ್ಲೇ ನಿಂತು ಏಪ್ರನ್ನಿನ ಅಂಚು ಹಿಂಡತೊಡಗಿದಳು.

"ಕೂತ್ಕೊಳ್ಳಿ ದೋನ್ಯಾ ಚೋನಾ," ಎಂದು ಎರ್ಲಿಂದಾ ಮರ್ಯಾದೆ ಸೇರಿಸಿಯೇ ಕರೆದಳು.

"ಇಲ್ಲ, ಒಲೆ ಮೇಲೆ ಹಾಲಿಟ್ಟು ಬಂದಿದೀನಿ." ಹಾಲೂ ಇಲ್ಲ, ಒಲೆಯೂ ಇಲ್ಲ, ಇಬ್ಬರಿಗೂ ಗೊತ್ತಿತ್ತು. "ದೋನ್ಯಾ ಎರ್ಲಿಂದಾ, ತಪ್ಪು ತಿಳ್ಕೋಬೇಡಿ. ಮಗೂನ ಲಿಬ್ರಾದಾ ಎತ್ಕೊಂಡು ಹೋಗ್ತಾಳಂತೆ."

ಎರ್ಲಿಂದಾ ಕೈಯಲ್ಲಿದ್ದ ಪುಟ್ಟ ಅಂಗಿಯನ್ನು ಮಡಿಸಿದಳು. "ಗೊಂಬೆ ನನಗೆ ಬಂದಿದ್ದು."

"ಹೌದು. ಆದ್ರೆ ಹೆಂಗಸ್ರೆಲ್ಲ ಒಂದೇ ಸಮ ಹಟ ಹಿಡಿದಿದಾರೆ. ಸೆನೈದಾ ಅಂತೂ ಅತ್ತುಬಿಟ್ಲು. ಅದು ಸಿನಿಮಾ ಅಂತ ನನಗೂ ಗೊತ್ತು. ಆದ್ರೆ ಗೊತ್ತಿರೋದು ತಲೆಗೆ, ಹೊಟ್ಟೆಗಲ್ವಲ್ಲ? ನಿನ್ನೆ ನೀವು ಆ ಮಗೂನ ಇಳಿಸಿದ್ದು ನೋಡಿ ನನ್ನ ಹೊಟ್ಟೆ ಹಿಂಡ್ತು. ಅದೇ ಕೈಗೆ ನಮ್ಮ ಮಗೂನ ಹೇಗೆ ಕೊಡ್ಲಿ, ನೀವೇ ಹೇಳಿ."

"ಸರಿ," ಎಂದಳು ಎರ್ಲಿಂದಾ. ಬೇರೆ ಏನಾದರೂ ಹೇಳಬೇಕೆನಿಸಿತು. ಆದರೆ ಅದನ್ನೆಲ್ಲ ಹೇಳಲು ಮೊದಲಿಂದ ಶುರು ಮಾಡಬೇಕು, ಅಷ್ಟು ದೂರ ಹೋಗಿ ಬರುವ ಶಕ್ತಿ ಅವಳಿಗಿರಲಿಲ್ಲ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ, ಅಷ್ಟೇ.

ಚೋನಾ ಹೊರಡಲಿಲ್ಲ. ಬಾಗಿಲ ಚೌಕಟ್ಟನ್ನು ಉಗುರಿನಿಂದ ಕೆರೆಯುತ್ತ, "ಮತ್ತೆ... ತಮಾಲೆ?" ಎಂದಳು.

"ಏನು ತಮಾಲೆ?"

"ಅಲ್ಲ, ಗೊಂಬೆ ನಿಮಗೇ ಬಂದಿದ್ದಲ್ವ. ತಮಾಲೆ ಸಿಕ್ಕಿದವ್ರೇ ಮಾಡ್ಬೇಕು. ಅದನ್ನ ಬೇರೆಯವ್ರಿಗೆ ದಾಟಿಸಿದ್ರೆ ವಠಾರಕ್ಕೆ ಒಳ್ಳೇದಲ್ಲ ಅಂತಾರೆ."

ಎರ್ಲಿಂದಾಳಿಗೆ ನಗು ಬಂತು. ಬಹಳ ದಿನದ ಮೇಲೆ ಬಂದ ನಿಜವಾದ ನಗು. "ಅಂದ್ರೆ ಮಗು ನಿಮ್ಮದು, ಹಿಟ್ಟು ಕಲಸೋದು ನಂದು?"

"ಹೀಗೆ ಬಿಡಿಸಿ ಹೇಳಿದ್ರೆ ಕೆಟ್ಟದಾಗಿ ಕೇಳುತ್ತೆ," ಎಂದು ಚೋನಾ ತಲೆ ತಗ್ಗಿಸಿದಳು.

"ಮಾಡ್ತೀನಿ ಹೋಗಿ. ಹಾಲು ಉಕ್ಕೀತು."

ಮಾಡಿದಳು. ಜೋಳದ ಹಿಟ್ಟಿಗೆ ಹಂದಿಯ ಕೊಬ್ಬು ಸೇರಿಸಿ, ಒಂದು ಚೂರು ನೀರಿಗೆ ಹಾಕಿದರೆ ತೇಲುವಷ್ಟು ಹಗುರವಾಗುವತನಕ ಕೈಯಲ್ಲಿ ಬಡಿದಳು. ತೋಳು ಬಿದ್ದುಹೋಯಿತು. ಜೋಳದ ಸಿಪ್ಪೆಗಳನ್ನು ನೆನೆಸಿ, ಹಸಿರು ಮೆಣಸಿನ ಗೊಜ್ಜೂ ಕೋಳಿಯೂ ಇಟ್ಟು, ಮಡಿಸಿ, ದೊಡ್ಡ ಹಂಡೆಯಲ್ಲಿ ನಿಲ್ಲಿಸಿದಳು. ಹಂಡೆಯ ಎರಡು ಕಿವಿಗೂ ಸಿಪ್ಪೆಯ ಎಳೆ ಕಟ್ಟಿದಳು. ಸಿಟ್ಟಿನಲ್ಲಿರುವವಳು ಬೇಯಿಸಿದ ತಮಾಲೆ ಎಷ್ಟು ಹೊತ್ತಿಟ್ಟರೂ ಹಸಿಯಾಗಿಯೇ ಉಳಿಯುತ್ತದೆಂದು ಎಲ್ಲರಿಗೂ ಗೊತ್ತು. ಹಂಡೆಗೆ ಕಿವಿಯೋಲೆ ಕಟ್ಟಿದರೆ ಅದು ಮನೆಯ ಜಗಳ ಕೇಳಿಸಿಕೊಳ್ಳುವುದಿಲ್ಲವಂತೆ. ಕೆಳಗೆ ಹೆಂಗಸರು ಇದನ್ನೇ ಕಾಯುತ್ತಿದ್ದಾರೆಂದು ಅವಳು ಬಲ್ಲಳು. ತಮಾಲೆ ಹಸಿಯಾಗಿ ಬಂದರೆ ಸಾಕು, ಅವಳ ಎದೆಯೊಳಗೆ ಏನಿದೆಯೆಂಬುದಕ್ಕೆ ಬೇರೆ ಸಾಕ್ಷಿ ಬೇಡ.

ಹಬ್ಬದ ಮಧ್ಯಾಹ್ನ, ಇಗರ್ಜಿಗೆ ಹೊರಡುವ ಮುಂಚೆ, ಅಂಗಳದಲ್ಲಿ ಮುಚ್ಚಳ ತೆಗೆದರು. ಲಿಬ್ರಾದಾ ಒಂದು ಕೈಯಲ್ಲಿ ಬಾಲ ಏಸುವನ್ನು ಹಿಡಿದುಕೊಂಡೇ ಇನ್ನೊಂದು ಕೈಯಲ್ಲಿ ಮೊದಲ ಸಿಪ್ಪೆ ಬಿಡಿಸಿದಳು. ಅವಳು ಸಂತೆಯಿಂದ ತಂದು ಮಗುವಿಗೆ ತೊಡಿಸಿದ ನೀಲಿ ಅಂಗಿಯ ತುಂಬ ಮಿಂಚು; ಎರ್ಲಿಂದಾ ಹೊಲಿದ ಬಿಳಿ ಅಂಗಿ ಮೇಲೆ ಕೋಣೆಯಲ್ಲೇ ಉಳಿದಿತ್ತು. ತಮಾಲೆ ಸಿಪ್ಪೆಗೆ ಅಂಟದೆ ಬೆಂದು ಬಿಟ್ಟುಕೊಂಡಿತ್ತು. ಲಿಬ್ರಾದಾ ತಿಂದಳು, ಇನ್ನೊಂದು ತೆಗೆದುಕೊಂಡಳು.

"ಏನೇ ಆಗ್ಲಿ, ಕೈ ಚೆನ್ನಾಗಿದೆ," ಎಂದಳು, ಯಾರೋ ಕುತ್ತಿಗೆ ಹಿಡಿದು ಹೇಳಿಸಿದಂತೆ.

"ಹಾಗಾದ್ರೆ ನಿಮಗೆ ನಮ್ಮ ಮೇಲೆ ಸಿಟ್ಟಿಲ್ವ ದೋನ್ಯಾ?" ಎಂದು ಚೋನಾ ಮೆಲ್ಲಗೆ ಕೇಳಿದಳು.

"ಸಿಟ್ಟಿಗೂ ತ್ರಾಣ ಬೇಕಲ್ಲ ದೋನ್ಯಾ ಚೋನಾ," ಎಂದಳು ಎರ್ಲಿಂದಾ, ಮತ್ತೊಂದು ತಟ್ಟೆ ತುಂಬುತ್ತ.

ಹೊಟ್ಟೆ ತುಂಬಿದ ಮೇಲೆ ಜನ ಒಳ್ಳೆಯವರಾಗುತ್ತಾರೆ. ಜೋಳದ ಬಿಸಿ ಗಂಜಿ ಕುಡಿಯುತ್ತ ಸೆನೈದಾ ಮೊದಲ ಬಾರಿಗೆ ಎರ್ಲಿಂದಾಳ ಮುಖ ನೋಡಿ ಮಾತಾಡಿದಳು. "ದೋನ್ಯಾ, ಕೇಳ್ತೀನಂತ ಬೇಜಾರು ಮಾಡ್ಕೋಬೇಡಿ. ಆ ಮಾತು... ಒಂದೇ ಒಂದ್ಸಲ ಹೇಳ್ತೀರಾ? ನಮ್ಮಮ್ಮ ನಾನು ರಚ್ಚೆ ಹಿಡಿದಾಗೆಲ್ಲ ನಿಮ್ಮ ಹೆಸರು ಹೇಳಿ ಹೆದರಿಸ್ತಿದ್ಲು."

"ಹೇಳಿ ದೋನ್ಯಾ, ಹೇಳಿ!" ಎಂದು ಎಲ್ಲರೂ ದುಂಬಾಲು ಬಿದ್ದರು. ಎಲ್ಲರಿಗಿಂತ ಜೋರಾಗಿ ಲಿಬ್ರಾದಾ. ಶಪಿಸುವವರೇ ಹೆಚ್ಚು ಸಲ ನೋಡುತ್ತಾರೆ. ಇದು ಎರ್ಲಿಂದಾ ಬದುಕಿನಲ್ಲಿ ಕಲಿತ ಕೆಲವೇ ಸತ್ಯಗಳಲ್ಲಿ ಒಂದು. "ಬರಿಗೈಲಿ ಆಕ್ಟು ಹೇಗೆ ಮಾಡ್ತಾರೆ ಪಾಪ! ಹಿಡ್ಕೊಳ್ಳಿ," ಎಂದು ಲಿಬ್ರಾದಾ ಬಾಲ ಏಸುವನ್ನು ಎತ್ತಿ ಅವಳ ತೋಳಿಗೆ ಕೊಟ್ಟೇಬಿಟ್ಟಳು. ಇಗರ್ಜಿಗೆ ಹೊರಲು ಕೊಡದ ಮಗುವನ್ನು ಬೀದಿಗೆ ಬಿಡುವ ಆಟಕ್ಕೆ ಕೊಟ್ಟರು. ಇದರಲ್ಲಿ ಏನಾದರೂ ವಿಚಿತ್ರವಿದೆಯೆಂದು ಅಲ್ಲಿ ಒಬ್ಬರಿಗೂ ಹೊಳೆಯಲಿಲ್ಲ.

ಮರದ ಮಗು ಅಂದುಕೊಂಡದ್ದಕ್ಕಿಂತ ಭಾರವಿತ್ತು. ಅಷ್ಟು ಹೊತ್ತು ಲಿಬ್ರಾದಾಳ ಕಂಕುಳಲ್ಲಿದ್ದು ಸ್ವಲ್ಪ ಬೆಚ್ಚಗೂ ಇತ್ತು. ಎರ್ಲಿಂದಾ ಅಂಗಳದ ಕಲ್ಲು ಮೆಟ್ಟಿಲ ಬಳಿ ಹೋಗಿ ನಿಂತಳು. ಬೆನ್ನು ತಾನಾಗಿ ನೆಟ್ಟಗಾಯಿತು. ಎಡ ಹುಬ್ಬು, ಯಾರನ್ನೂ ಕೇಳದೆ, ಏರಿತು.

"ಅಳು," ಎಂದಳು. "ಎಷ್ಟು ಬೇಕಾದ್ರೂ ಅಳು. ನಿನ್ನ ಅಳು ಕೇಳೋಕೆ ದೇವರಿಗೆ ಪುರುಸೊತ್ತಿದೆ, ನನಗಿಲ್ಲ."

ಸೆನೈದಾ ತನ್ನ ಕೂಸನ್ನು ಬಿಗಿಯಾಗಿ ಅಪ್ಪಿಕೊಂಡಳು. ಚೋನಾ ಶಿಲುಬೆ ಗುರುತು ಹಾಕಿಕೊಂಡಳು. ಇನ್ನು ಬಗ್ಗಿ ಮಗುವನ್ನು ಮೆಟ್ಟಿಲ ಮೇಲೆ ಇಳಿಸಬೇಕು, ತಿರುಗಿ ನೋಡದೆ ಹೋಗಬೇಕು. ಎಲ್ಲರೂ ಅದಕ್ಕೇ ಕಾದರು.

ಎರ್ಲಿಂದಾಳಿಗೆ ಆ ದಿನದ ಮಗು ನೆನಪಾಯಿತು. ಸ್ಟುಡಿಯೋದಲ್ಲಿ ಬಟ್ಟೆ ಹೊಲಿಯುವವಳ ಕೂಸು ಅದು. ಕೊಳವೆಯಿಂದ ಮಳೆ ಸುರಿಸುತ್ತಿದ್ದರು. ನಿರ್ದೇಶಕನಿಗೆ ಮಗು ಅಳಬೇಕಿತ್ತು, ಆದರೆ ಅದು ಅವಳ ತೋಳಿಗೆ ಬಂದ ಕೂಡಲೇ ಸುಮ್ಮನಾಗುತ್ತಿತ್ತು, ಅವಳ ಕೊರಳ ಸರ ಹಿಡಿದು ಚೀಪುತ್ತಿತ್ತು. "ಇಳ್ಸಮ್ಮ ಅದನ್ನ! ಎತ್ಕೊಂಡಿದ್ರೆ ಎಲ್ಲಿ ಅಳುತ್ತೆ?" ಎಂದು ಅವನು ಕಿರುಚುತ್ತಿದ್ದ. ಒದ್ದೆ ಕಲ್ಲಿನ ಮೇಲೆ ಇಳಿಸಿದರೆ ಅಳುತ್ತಿತ್ತು. ದೀಪ ಸರಿಯಿಲ್ಲ, ಇನ್ನೊಮ್ಮೆ; ಮಳೆ ಸಾಲದು, ಇನ್ನೊಮ್ಮೆ. ಎತ್ತಿಕೊಂಡಳು, ಸುಮ್ಮನಾಯಿತು, ಇಳಿಸಿದಳು, ಅತ್ತಿತು. ಸಂಜೆಯತನಕ ಅದೇ ಆಯಿತು. ತೆರೆಯ ಮೇಲೆ ಜನ ಕಂಡದ್ದು ಇಳಿಸಿದ್ದನ್ನು ಮಾತ್ರ.

"ಇಳಿಸಿ ದೋನ್ಯಾ," ಎಂದು ಲಿಬ್ರಾದಾ ಪಿಸುಗುಟ್ಟಿದಳು, ನಾಟಕದಲ್ಲಿ ಮಾತು ಮರೆತವರಿಗೆ ಹೇಳಿಕೊಡುವಂತೆ. "ಈಗ ಇಳಿಸ್ಬೇಕು."

"ಗೊತ್ತು ಲಿಬ್ರಾದಾ."

"ಮತ್ತೆ?"

"ಇಳಿಸಲ್ಲ."

ಯಾರೋ ಒಬ್ಬರು ನಕ್ಕರು, ಒಬ್ಬರೇ ಆದ್ದರಿಂದ ನಿಲ್ಲಿಸಿದರು. ಎರ್ಲಿಂದಾಳ ಹುಬ್ಬು ಇಳಿದಿತ್ತು. ಈಗ ಅವಳ ಮುಖದಲ್ಲಿ ಇದ್ದದ್ದು ಬರಿಯ ದಣಿವು.

"ಇಳಿಸಿ ಇಳಿಸಿ ಸಾಕಾಗಿದೆ ಕಣಮ್ಮ," ಎಂದಳು. "ಅವತ್ತು ಮಳೇಲಿ ನಿಂತು ಸಂಜೆವರೆಗೂ ಇಳಿಸ್ದೆ. ಅಲ್ಲಿಂದ ಈಚೆಗೆ ನಿಮ್ಮ ಮನೆಗಳಲ್ಲಿ, ನೀವು ನೋಡ್ತಾ ಕೂತಿರೋವಾಗ, ಇಳಿಸ್ತಾನೇ ಇದೀನಿ. ಮೊನ್ನೆ ಭಾನುವಾರಾನೂ ಇಳಿಸ್ದೆ. ಆ ಮಗು ನನ್ನ ಕೈಲಿ ಒಂದ್ಸಲಾನೂ ಅಳ್ಲಿಲ್ಲ, ಗೊತ್ತಾ? ಅದನ್ನ ಯಾರೂ ನೋಡ್ಲಿಲ್ಲ. ನನಗೆ ಬೈಬೇಡಿ ಅಂತ ಕೇಳ್ತಿಲ್ಲ. ಬೈರಿ, ಅಭ್ಯಾಸ ಆಗಿದೆ. ಆದ್ರೆ ಇವತ್ತು ಇಳಿಸೋಕೆ ನನ್ನ ಕೈಲಿ ಆಗಲ್ಲ."

ಬೀದಿಯಾಚೆ ಇಗರ್ಜಿಯ ಗಂಟೆ ಹೊಡೆಯಿತು. ಸಂಜೆಯ ಪೂಜೆಗೆ ಮೊದಲ ಗಂಟೆ. ಹೆಂಗಸರು ಮೇಣದ ಬತ್ತಿಗಳನ್ನು ಹಿಡಿದು ಎದ್ದವರು ಹಾಗೆಯೇ ನಿಂತರು. ಲಿಬ್ರಾದಾ ಕೈ ಚಾಚಿದ್ದಳು, ಮಗುವನ್ನು ಹಿಂದಕ್ಕೆ ತೆಗೆದುಕೊಳ್ಳಲು; ಆ ಕೈ ಅರ್ಧದಲ್ಲೇ ಉಳಿಯಿತು. ಎಲ್ಲರೂ ಚೋನಾಳ ಮುಖ ನೋಡಿದರು. ಮಗು ಅವಳದು, ಮಾತೂ ಅವಳದೇ.

ಚೋನಾ ಎರ್ಲಿಂದಾಳ ತೋಳುಗಳನ್ನು ನೋಡುತ್ತಿದ್ದಳು. ಆಮೇಲೆ ತನ್ನ ಹೆಗಲ ಮೇಲಿನ ಬೂದು ಶಾಲನ್ನು ತೆಗೆದು, ಎರ್ಲಿಂದಾಳ ಭುಜಕ್ಕೂ ಮಗುವಿನ ತಲೆಗೂ ಸೇರಿಸಿ ಹೊದಿಸಿದಳು.

"ಸರಿಯಾಗಿ ಹೊದ್ಕೊಳ್ಳಿ ಕೊಮಾದ್ರೆ," ಎಂದಳು. "ಹೊರಗೆ ಗಾಳಿ ಇದೆ."

ಎರ್ಲಿಂದಾ ಶಾಲಿನ ಅಂಚನ್ನು ಮಗುವಿನ ಸುತ್ತ ಎಳೆದುಕೊಂಡಳು. ಬಾಯಿಬಿಟ್ಟಿದ್ದರೆ ಅತ್ತುಬಿಡುತ್ತಿದ್ದಳು, ಅಳುವ ಪಾತ್ರ ಅವಳಿಗೆ ಅಭ್ಯಾಸವಿರಲಿಲ್ಲ. "ನೀಲಿ ಅಂಗಿಗೆ ನಾನು ಅಷ್ಟು ಅಲೆದಿದ್ದೆಲ್ಲ ಶಾಲಿನೊಳಗೆ ಮಣ್ಣುಪಾಲು," ಎಂದು ಗೊಣಗುತ್ತ ಲಿಬ್ರಾದಾ ಮುಂದೆ ಹೋಗಿ ವಠಾರದ ದೊಡ್ಡ ಬಾಗಿಲನ್ನು ತೆರೆದು ಹಿಡಿದಳು.

ಮೂಲೆಯಲ್ಲಿ ಗೆಣಸಿನ ಗಾಡಿಯವನು ಎಂದಿನಂತೆ ಕೂಗಿದ. "ನೋಡ್ರಪ್ಪೋ, ಮೆಟ್ಟಿಲ ಮೇಲೆ ಮಗು ಬಿಟ್ಟವಳು!"

"ಕಣ್ಣು ಬಿಟ್ಟು ನೋಡಯ್ಯ," ಎಂದು ಚೋನಾ ಬೀದಿಗೆಲ್ಲ ಕೇಳುವಂತೆ ತಿರುಗಿ ಕೂಗಿದಳು. "ಮಗು ಕೈಲೇ ಇದೆ."

ಎರ್ಲಿಂದಾಳ ತೋಳು ಆಗಲೇ ಸೋತು ನೋಯುತ್ತಿತ್ತು. ಇಗರ್ಜಿಯ ಮೆಟ್ಟಿಲು ಹತ್ತುವಾಗ ಸೆನೈದಾ, "ಸ್ವಲ್ಪ ಹೊತ್ತು ನಾನು ಹಿಡ್ಕೊಳ್ಳಾ?" ಎಂದು ಕೇಳಿದಳು. ಅವಳು ಬೇಡವೆಂದು ತಲೆಯಾಡಿಸಿ, ಒಂದೊಂದೇ ಮೆಟ್ಟಿಲು ಹತ್ತಿದಳು.